ಕಾಂಪೌಂಡರ್ ಕಟ್ಟಿಸಿದ ಗೋಡೆ

ನಮ್ಮ ಮನೆಯ ನಡುವೆ ಗೋಡೆ ಎದ್ದದ್ದು ಒಬ್ಬ ಕಾಂಪೌಂಡರನ ದೆಸೆಯಿಂದ. ಅವನು ನಮ್ಮೂರಿನವನಲ್ಲ, ಯಾವ ಊರಿನವನೂ ಅಲ್ಲ. ಹಸಿರು ರಟ್ಟಿನ ಒಂದು ಪತ್ತೇದಾರಿ ಪುಸ್ತಕದೊಳಗೆ, ಔಷಧಿ ಬಾಟಲಿಗಳಿಗೆ ಚೀಟಿ ಅಂಟಿಸಿಕೊಂಡು ತನ್ನ ಪಾಡಿಗೆ ತಾನು ಇದ್ದವನು. ಅವನ ಸುದ್ದಿ ಎತ್ತಿದರೆ ಸಾಕು, ನಮ್ಮ ಯಜಮಾನರು ಹನ್ನೊಂದು ವರ್ಷ ಅರ್ಧ ಊಟಕ್ಕೇ ತಟ್ಟೆ ಬಿಟ್ಟು ಏಳುತ್ತಿದ್ದರು.

ನಮ್ಮೂರಲ್ಲಿ ಯಾರೂ ಪುಸ್ತಕ ಕೊಳ್ಳುವುದಿಲ್ಲ. ಪುಸ್ತಕಗಳು ತಾವಾಗಿಯೇ ಬರುತ್ತವೆ. ಬೆಳಿಗ್ಗೆ ಹೊಸ್ತಿಲಿಗೆ ನೀರು ಹಾಕುವ ಮುಂಚೆ ಬಾಗಿ ನೋಡುವುದು ಇಲ್ಲಿನ ಹೆಂಗಸರಿಗೆಲ್ಲ ಅಭ್ಯಾಸ. ಹಾಳೆ ಉಬ್ಬಿಕೊಂಡ ಪುಸ್ತಕ ಮನೆಗೆ ಬಂದರೆ, ಯಾವಳೋ ನಿದ್ದೆಗಣ್ಣಿನಲ್ಲಿ ನೋಡದೆ ನೀರು ಎರಚಿದ್ದಾಳೆ ಎಂದು ಬೈದುಕೊಂಡೇ ಬಿಸಿಲಿಗೆ ಇಡುತ್ತೇವೆ. ಒಂದು ಮನೆಗೆ ಒಂದು ಸಲಕ್ಕೆ ಒಂದೇ ಪುಸ್ತಕ. ಮನೆಯಲ್ಲಿರುವವರೆಲ್ಲ ಅದನ್ನು ಓದಿ ಮುಗಿಸುವವರೆಗೂ ಅದು ಕದಲುವುದಿಲ್ಲ. ಓದು ಬಾರದವರಿಗೆ ಇನ್ನೊಬ್ಬರು ಓದಿ ಹೇಳಬೇಕು, ಅದೂ ಓದಿದ ಲೆಕ್ಕವೇ. ಎಲ್ಲರೂ ಮುಗಿಸಿದ ಮಾರನೆಯ ಬೆಳಿಗ್ಗೆ ಪುಸ್ತಕ ಮನೆಯಲ್ಲಿರುವುದಿಲ್ಲ, ಇನ್ಯಾರದೋ ಹೊಸ್ತಿಲ ಮೇಲಿರುತ್ತದೆ. ಇಂಥದೇ ಬೇಕು ಎಂದು ಕೇಳುವ ಹಾಗಿಲ್ಲ, ಬಂದದ್ದನ್ನು ಬೇಡ ಎನ್ನುವ ಹಾಗೂ ಇಲ್ಲ. ದೇವಸ್ಥಾನದ ಪೂಜಾರಿ ಮನೆಗೆ ಸಾಲಾಗಿ ಕೊಲೆಯ ಪುಸ್ತಕಗಳೇ ಬಂದು ಒಂದು ಇಡೀ ಬೇಸಿಗೆ ಸಂಜೆಯ ಮಂಗಳಾರತಿ ತಡವಾಯಿತು. ದೇವರೇ ಇಲ್ಲ ಎಂದು ಬೀದಿಯಲ್ಲಿ ನಿಂತು ವಾದಿಸುವ ವಕೀಲ ಹಾಲಪ್ಪನವರಿಗೆ ಭಕ್ತಿಯ ಪುಸ್ತಕಗಳು ತಪ್ಪಿದ್ದೇ ಇಲ್ಲ. ಈಗ ಅವರಷ್ಟು ಭಜನೆ ಪದ ಬಲ್ಲವರು ಊರಲ್ಲಿ ಇನ್ನೊಬ್ಬರಿಲ್ಲ, ಆದರೂ ವಾದ ಬಿಟ್ಟಿಲ್ಲ. ನಮ್ಮಲ್ಲಿ ಎದುರಿಗೆ ಸಿಕ್ಕವರು ಊಟ ಆಯಿತೇ ಎಂದು ಕೇಳುವುದಿಲ್ಲ. ಏನು ಬಂದಿದೆ ಎಂದು ಕೇಳುತ್ತಾರೆ.

ಒಂದೇ ಪುಸ್ತಕವನ್ನು ನಾಲ್ಕು ಜನ ಓದುವಾಗ ಒಂದು ಮರ್ಯಾದೆ ಬೇಕಲ್ಲ. ಅದಕ್ಕೆ ಪ್ರತಿಯೊಬ್ಬರಿಗೂ ಒಂದು ಗುರುತು. ಎಲ್ಲಿಯವರೆಗೆ ಓದಿದ್ದೀರೋ ಅಲ್ಲಿ ನಿಮ್ಮ ಗುರುತು ಇಡಬೇಕು, ಮುಗಿಸಿದ ಮೇಲೆ ತೆಗೆಯಬೇಕು. ಗುರುತು ಪುಸ್ತಕದೊಳಗೆ ಇರುವವರೆಗೆ ಏನು ಬೇಕಾದರೂ ಊಹೆ ಮಾಡಿ, ಹರಟಿ, ಜಗಳ ಕಾಯಿರಿ. ಗುರುತು ತೆಗೆದ ಮೇಲೆ ಮಾತ್ರ, ಮನೆಯ ಉಳಿದವರು ಮುಗಿಸುವ ತನಕ ಆ ಪುಸ್ತಕದ ಬಗ್ಗೆ ತುಟಿ ಪಿಟಕ್ಕೆನ್ನಬಾರದು. ಕಳ್ಳ ಎಂದು ಬೈದರೆ ನಮ್ಮೂರವರು ನಕ್ಕು ಹೋಗುತ್ತಾರೆ. ‘ಕೊನೆ ಹೇಳಿದವನು’ ಎಂದು ಬೈದರೆ ಕೈ ಕೈ ಹತ್ತುತ್ತದೆ.

ನಮ್ಮ ಮನೆಯಲ್ಲಿ ಆಗ ನಾಲ್ಕು ಜನ. ಭಾವ ಚನ್ನವೀರಪ್ಪನವರು, ಅವರ ಹೆಂಡತಿ ಸಿದ್ದಗಂಗಕ್ಕ, ನಮ್ಮ ಯಜಮಾನರು ರೇವಣ್ಣನವರು, ನಾನು ದಾಕ್ಷಾಯಣಿ. ಭಾವನವರ ಒಬ್ಬಳೇ ಮಗಳು ಮದುವೆಯಾಗಿ ಘಟ್ಟದಾಚೆಯ ಊರಿಗೆ ಹೋಗಿದ್ದಳು. ನಮಗೆ ಮಕ್ಕಳಿಲ್ಲ. ಅಣ್ಣತಮ್ಮ ಇಬ್ಬರಿಗೂ ಸೇರಿ ಬೀದಿ ಕೊನೆಯಲ್ಲಿ ಒಂದು ಹಿಟ್ಟಿನ ಗಿರಣಿ. ನನ್ನ ಗುರುತು ಹೇರ್‌ಪಿನ್ನು, ಅಕ್ಕನದು ದೀಪದ ಬತ್ತಿ, ನಮ್ಮವರದು ಗಿರಣಿಯ ಹಳೆಯ ಬೆಲ್ಟಿನಿಂದ ಕತ್ತರಿಸಿದ ತೊಗಲಿನ ತುಂಡು. ಭಾವನವರದು ಮಾತ್ರ ವೀಳ್ಯದೆಲೆ. ಒಣಗಿದ ಹಾಗೆಲ್ಲ ಹೊಸ ಎಲೆ ಇಡುತ್ತಿದ್ದರು, ಹಾಗಾಗಿ ನಮ್ಮ ಮನೆಗೆ ಬಂದು ಹೋದ ಪುಸ್ತಕಗಳಿಗೆಲ್ಲ ಎಲೆಯ ವಾಸನೆ.

ಭಾವನವರಿಗೆ ಒಂದು ಚಾಳಿ ಇತ್ತು. ಪುಸ್ತಕ ಕೈಗೆ ಬಂದ ಗಳಿಗೆಯಿಂದ ಊಹೆ ಶುರು. ಇವನೇ ಕಳ್ಳ, ಅವಳೇ ಆ ರಾಜನ ಕಳೆದುಹೋದ ಮಗಳು, ಈ ಸನ್ಯಾಸಿ ಮುಂದೆ ಮದುವೆಯಾಗುತ್ತಾನೆ, ಹೀಗೆ. ಬಾಯಿ ತುಂಬ ಎಲೆ ಅಡಿಕೆ ಹಾಕಿಕೊಂಡು ಹೇಳುತ್ತಿದ್ದರು. ನಮ್ಮವರದು ಬೇರೆ ಸ್ವಭಾವ. ಅವರಿಗೆ ಪತ್ತೇದಾರಿ ಎಂದರೆ ಪ್ರಾಣ, ಅದನ್ನು ಮೊದಲ ಅಕ್ಷರದಿಂದ ಕೊನೆಯ ಅಕ್ಷರದವರೆಗೆ ಯಾರ ಮಾತೂ ಕಿವಿಗೆ ಬೀಳದೆ ಓದಬೇಕು. ಅಣ್ಣನ ಊಹೆಗಳಲ್ಲಿ ಎಷ್ಟೋ ಸರಿಯಾಗುತ್ತಿದ್ದುದೇ ದೊಡ್ಡ ಕಾಟ. ಹಾಗೆ ಸರಿಯಾದಾಗಲೆಲ್ಲ ಇವರು ಎರಡು ದಿನ ಮುಖ ಊದಿಸಿಕೊಂಡಿರುತ್ತಿದ್ದರು, ಆಮೇಲೆ ಗಿರಣಿ ಸದ್ದಿನಲ್ಲಿ ಇಬ್ಬರೂ ಕೂಗಾಡಿಕೊಂಡು ಸರಿಹೋಗುತ್ತಿದ್ದರು.

ಹಸಿರು ಪುಸ್ತಕ ಬಂದದ್ದು ಆಗ. ಬೀಗ ಹಾಕಿದ ದವಾಖಾನೆಯೊಳಗೆ ಡಾಕ್ಟರು ಸತ್ತು ಬಿದ್ದಿದ್ದಾರೆ, ಬೀಗದ ಕೈ ಡಾಕ್ಟರ ಜೇಬಿನಲ್ಲೇ ಇದೆ, ಯಾರು ಕೊಂದರು ಎಂಬುದು ಕಥೆ. ನಾನು ಇನ್ನೂ ಮೊದಲ ಭಾಗದಲ್ಲಿದ್ದೆ. ಒಂದು ಸಂಜೆ ನಮ್ಮವರು ಕೈಕಾಲು ತೊಳೆದು ಬಂದು ಜಗಲಿಯಲ್ಲಿ ಪುಸ್ತಕ ಬಿಡಿಸಿದರು. ಕಾಂಪೌಂಡರು ಸೊಂಟದಿಂದ ಬೀರುವಿನ ಬೀಗದ ಕೈ ತೆಗೆಯುತ್ತಿದ್ದ ಜಾಗ. ಪಕ್ಕದಲ್ಲಿ ಕೂತು ಎಲೆ ಅಡಿಕೆ ಜಗಿಯುತ್ತಿದ್ದ ಭಾವ ಇಣುಕಿ ನೋಡಿದರು.

“ತಮ್ಮಾ, ಆ ಕಾಂಪೌಂಡರೇ ಕಣೋ ಕೊಂದಿರೋದು. ಬೇಕಾದ್ರೆ ಬರ್ದಿಟ್ಕೋ.”

ನಮ್ಮವರು ಹಲ್ಲು ಕಚ್ಚಿಕೊಂಡು ಅಣ್ಣ ಎಲ್ಲಿದ್ದಾನೆ ನೋಡೋಣ ಎಂದು ಪುಟ ತಿರುವಿದರು. ನನ್ನ ಪಿನ್ನು ಇತ್ತು, ಅಕ್ಕನ ಬತ್ತಿ ಇತ್ತು, ಎಲೆ ಇರಲಿಲ್ಲ. ಮತ್ತೆ ಮೊದಲಿಂದ ತಿರುವಿದರು, ರಟ್ಟು ಹಿಡಿದು ಕೊಡವಿದರು. ಇಲ್ಲ.

“ಅಣ್ಣ, ನಿನ್ ಎಲೆ ಎಲ್ಲಿ?”

“ಅದ್ರಲ್ಲೇ ಐತೆ ನೋಡೋ.”

“ಇಲ್ಲ.”

“ಇಲ್ವಾ? ಇತ್ತಲ್ಲೋ ಈಗ.” ಭಾವ ಜಗಿಯುತ್ತಲೇ ಎಲೆಚೀಲ ಕೊಡವಿದರು, ಪಂಚೆ ಕೊಡವಿದರು, ಚಾಪೆ ಎತ್ತಿ ನೋಡಿದರು.

“ಮುಗ್ಸಿಬಿಟ್ಟು, ಗುರುತು ತೆಗ್ದು, ಆಮೇಲೆ ಕೂತ್ಕೊಂಡು ನಂಗೆ ಕೊನೆ ಹೇಳ್ತೀಯಾ?”

“ಲೋ, ಮುಗ್ಸಿಲ್ಲ ಕಣೋ. ಇನ್ನೂ ಎರಡು ಅಧ್ಯಾಯ ಐತೆ. ಊಹೆ ಹೇಳ್ದೆ ಅಷ್ಟೆ.”

“ಊಹೆ ಅಂತೆ ಊಹೆ! ಹಂಗಾದ್ರೆ ಎಲೆ ತೋರ್ಸು.”

ತೋರಿಸಲು ಎಲೆ ಇರಲಿಲ್ಲ. ನಮ್ಮವರು ಪುಸ್ತಕವನ್ನು ಚಾಪೆಯ ಮೇಲೆ ಎಸೆದು ಎದ್ದರು. ಎದ್ದವರು ಬೀದಿಗೆ ಕೇಳುವ ಹಾಗೆ ಆ ಮಾತನ್ನು ಅಂದೇಬಿಟ್ಟರು, “ಕೊನೆ ಹೇಳಿದೋನು ನೀನು!” ಎಂದು. ಒಡಹುಟ್ಟಿದ ಅಣ್ಣನಿಗೆ ಹಾಗೆ ಅಂದದ್ದನ್ನು ನಾನು ಅದಕ್ಕೆ ಮುಂಚೆ ಎಲ್ಲೂ ಕೇಳಿರಲಿಲ್ಲ. ಅಕ್ಕ ಒಲೆಯ ಮುಂದೆ ಕೂತಿದ್ದವಳು ಹಾಗೇ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು.

ಮಾರನೆಯ ಬೆಳಿಗ್ಗೆ ಭಾವ ನಿದ್ದೆಗೆಟ್ಟ ಕಣ್ಣಿನಲ್ಲಿ ನಮ್ಮ ಕೋಣೆಯ ಬಾಗಿಲಿಗೆ ಬಂದು ನಿಂತರು. ಎಂದೂ ಹಾಗೆ ಬಂದು ನಿಂತವರಲ್ಲ.

“ತಮ್ಮಾ, ಆ ಪುಸ್ತಕ ಒಂದ್ಸಲ ಓದಿ ಮುಗ್ಸು. ಆಮೇಲೆ ನಂಗೆ ಏನ್ ಬೇಕಾದ್ರೂ ಬೈಯಿ.”

“ಗೊತ್ತಿರೋ ಕೊನೆ ಓದೋಕೆ ನಂಗೇನು ಹುಚ್ಚಾ?”

ಭಾವ ಇನ್ನೇನೋ ಹೇಳಲು ಬಾಯಿ ತೆರೆದು, ಮುಚ್ಚಿಕೊಂಡು, ಹೋದರು. ಆ ಬಾಯಿ ಮುಚ್ಚಿಕೊಂಡದ್ದು ನನಗೆ ನೆನಪಿದೆ. ತಪ್ಪು ಮಾಡಿದವರು ಹಾಗೇ ಇರುತ್ತಾರೆ ಎಂದುಕೊಂಡೆವು.

ನಮ್ಮವರು ಹಿಡಿದ ಪಟ್ಟು ಬಿಡುವವರಲ್ಲ. ಮೇಸ್ತ್ರಿ ಬಂದ, ಇಟ್ಟಿಗೆ ಬಂತು, ನಡುಮನೆಯನ್ನು ಸರಿಯಾಗಿ ಅರ್ಧಕ್ಕೆ ಸೀಳಿ ಗೋಡೆ ಎದ್ದಿತು. ಅಕ್ಕ ಆ ಕಡೆಯಿಂದ, ನಾನು ಈ ಕಡೆಯಿಂದ ಮೇಸ್ತ್ರಿಗೆ ಕುಡಿಯಲು ನೀರು ಕೊಟ್ಟೆವು. ಗಿರಣಿ ಒಡೆಯಲು ಬರುವುದಿಲ್ಲವಾದ್ದರಿಂದ ಬೆಳಿಗ್ಗೆ ಭಾವ ರಾಗಿ, ಗೋಧಿ ಬೀಸುವುದು, ಮಧ್ಯಾಹ್ನ ನಮ್ಮವರು ಮೆಣಸಿನಕಾಯಿ ಪುಡಿ ಮಾಡುವುದು, ಬೀಗದ ಕೈಯನ್ನು ಮಾತಿಲ್ಲದೆ ಮೊಳೆಗೆ ತಗುಲಿಹಾಕುವುದು ಎಂದಾಯಿತು. ಹಿತ್ತಲಲ್ಲಿ ಬಟ್ಟೆ ಒಗೆಯುವ ಕಲ್ಲು ಮಾತ್ರ ಇಬ್ಬರಿಗೂ ಒಂದೇ ಉಳಿಯಿತು. ಅದನ್ನು ಅಲ್ಲಾಡಿಸಲು ಯಾರಿಂದಲೂ ಆಗಲಿಲ್ಲ, ಸದ್ಯ.

ಗೋಡೆ ಕಟ್ಟಿದ ಮಾತ್ರಕ್ಕೆ ಮನೆ ಎರಡಾಗುವುದಿಲ್ಲ, ಅದನ್ನು ಪುಸ್ತಕಗಳು ಒಪ್ಪಬೇಕು ಎನ್ನುತ್ತಾರೆ ನಮ್ಮೂರವರು. ಗಾರೆ ಒಣಗುವವರೆಗೂ ಬೀದಿಯವರೆಲ್ಲ ದಿನಾ ಬೆಳಿಗ್ಗೆ ಎರಡೂ ಹೊಸ್ತಿಲು ನೋಡಿಕೊಂಡೇ ಹೋಗುತ್ತಿದ್ದರು. ಹಸಿರು ಪುಸ್ತಕ ಭಾವನವರ ಕಡೆಯೇ ಉಳಿದಿತ್ತು. ಅಕ್ಕ ಅದನ್ನು ಮುಗಿಸಿದ ಮಾರನೆಯ ದಿನ ಅದು ಮಾಯವಾಗಿ, ಅವರ ಹೊಸ್ತಿಲ ಮೇಲೆ ಒಂದು, ನಮ್ಮ ಹೊಸ್ತಿಲ ಮೇಲೆ ಒಂದು ಬಂದು ಕೂತಿದ್ದವು. ನಮ್ಮವರು ಗೆದ್ದವರ ಹಾಗೆ ಮೀಸೆ ತಿರುವಿಕೊಂಡು ಓಡಾಡಿದರು. ಆ ದಿನ ಮಾಡಿದ ಹೋಳಿಗೆ ಯಾರ ಗಂಟಲಲ್ಲೂ ಇಳಿಯಲಿಲ್ಲ.

ಆಮೇಲೆ ನಮ್ಮ ಕಡೆಗೆ ಪತ್ತೇದಾರಿ ಪುಸ್ತಕ ಬರುವುದೇ ನಿಂತುಹೋಯಿತು. ಮೊದಲು ಬಂದದ್ದು ಯಾವುದೋ ಹಾಳುಬಿದ್ದ ಕೋಟೆಯ ಇತಿಹಾಸ. ಎರಡು ಇಟ್ಟಿಗೆಯಷ್ಟು ದಪ್ಪ. ನಮ್ಮವರು ಅದನ್ನು ಕೆಲವು ದಿನ ತಲೆದಿಂಬು ಮಾಡಿಕೊಂಡರು, ಆಮೇಲೆ ಬೇರೆ ದಾರಿಯಿಲ್ಲದೆ ಬಿಡಿಸಿದರು. ಆ ಬರೆದ ಪುಣ್ಯಾತ್ಮನಿಗೆ ಒಂದು ಗೀಳು. ಕೋಟೆಗೆ ಇಂಥವನು ದ್ರೋಹ ಮಾಡಿದ ಎಂದು ಯಾರಾದರೂ ಹೇಳಿದ್ದರೆ, ಇದನ್ನು ಕಂಡವರು ಯಾರು, ಕಂಡವರು ಹೇಳಿದರೋ ಕೇಳಿದವರು ಹೇಳಿದರೋ ಎಂದು ಪುಟಗಟ್ಟಲೆ ಜಾಲಾಡುತ್ತಿದ್ದ. ಬೇಸರದಲ್ಲೇ ಶುರುಮಾಡಿದ ನಮ್ಮವರಿಗೆ ಆ ಗೀಳು ಅಂಟಿಕೊಂಡಿತು. ಪಕ್ಕದ ಮನೆಯವಳು ಕೋಳಿ ಕದ್ದಳು ಎಂದು ಒಬ್ಬಾಕೆ ಗಿರಣಿಗೆ ಬಂದು ಗೋಳಾಡಿದರೆ ಇವರು ಯಂತ್ರ ನಿಲ್ಲಿಸಿ ಕೇಳುತ್ತಿದ್ದರು, “ಕಂಡವರು ಯಾರು?” ಜನ ಕೊನೆಗೆ ಗಿರಣಿಯಲ್ಲಿ ಚಾಡಿ ಹೇಳುವುದನ್ನೇ ಬಿಟ್ಟರು.

ಮುಂದೆ ಒಂದು ಮಾಯಾಲೋಕದ ಪುಸ್ತಕ ಬಂತು. ಕೆರೆಯ ತಳದಲ್ಲಿ ಒಂದು ರಾಜ್ಯ, ಅಲ್ಲಿಯವರು ಮಲಗುವ ಮುಂಚೆ ತಮ್ಮ ನೆರಳನ್ನು ಮಡಿಸಿ ಮಡಕೆಯೊಳಗೆ ಇಡುತ್ತಾರೆ. “ಕೆಲಸ ಇಲ್ದೋರು ಬರ್ದಿದ್ದು” ಎಂದು ಮೂಗು ಮುರಿದರು. ಮುಗಿಸಿದ ಮೇಲೆ ನೋಡುತ್ತೇನೆ, ಗಿರಣಿ ಮುಂದೆ ಸಾಲು ನಿಂತವರ ನೆರಳು ತುಳಿಯದ ಹಾಗೆ ದಾಟಿ ದಾಟಿ ಕಾಲಿಡುತ್ತಿದ್ದಾರೆ. ನಾನು ನಕ್ಕರೆ ನೆಲ ಜಾರುತ್ತದೆ ಎಂದರು.

ಭಕ್ತಿಯ ಪುಸ್ತಕವೂ ಬಂತು. ಮುಚ್ಚಿದ ಗುಡಿಯ ಮುಂದೆ ದಿನಾ ಕಸ ಗುಡಿಸಿ ದೀಪ ಹಚ್ಚುವ ಒಬ್ಬ ಮುದುಕಿಯ ಕಥೆ. ಬಾಗಿಲು ತೆರೆಯಿತೋ ಇಲ್ಲವೋ ನಾನು ಹೇಳಬಾರದು. ನಮ್ಮವರು ಅದನ್ನು ಓದುವಾಗ ಎರಡು ಸಲ ಮೆಣಸಿನ ಘಾಟು ಎಂದು ಕಣ್ಣು ಒರೆಸಿಕೊಂಡರು. ಗಿರಣಿಗೆ ಅಂದು ರಜ. ಮುಗಿಸಿ ಬಹಳ ಹೊತ್ತು ಗೋಡೆಯನ್ನೇ ನೋಡುತ್ತ ಕೂತರು. ಈಗ ಹೋಗುತ್ತಾರೆ, ಈಗ ಅಣ್ಣನ ಬಾಗಿಲು ಬಡಿಯುತ್ತಾರೆ ಎಂದು ನಾನು ಕಾದೆ. ಎದ್ದರು, ಸುತ್ತಿಗೆ ತಂದರು, ಗೋಡೆಗೆ ಒಂದು ಮೊಳೆ ಹೊಡೆದು ಕ್ಯಾಲೆಂಡರ್ ತಗುಲಿಹಾಕಿದರು. ನನಗೆ ಆ ಸುತ್ತಿಗೆಯಿಂದ ಅವರ ತಲೆಗೇ ಒಂದು ಕೊಡೋಣವೆನಿಸಿತು.

ಹೀಗೇ ವರ್ಷಗಳು ಹೋದವು. ಗೋಡೆಯಾಚೆ ಭಾವನವರ ಊಹೆಗಳು ಕೇಳಿಸುತ್ತಲೇ ಇದ್ದವು. ನಡುನಡುವೆ ಕೆಮ್ಮು ಸೇರಿಕೊಂಡಿತು. ಕೆಮ್ಮು ಹೆಚ್ಚಾಗಿ ಊಹೆ ಕಡಿಮೆಯಾದಾಗ, ಹಿಟ್ಟಿನ ಧೂಳು ಇನ್ನು ಕುಡಿಯಬಾರದು, ಗಿರಣಿ ಬಿಡಿ ಎಂದು ಡಾಕ್ಟರು ಹೇಳಿದರಂತೆ. ಮಗಳು ಬಂದು ಹಟ ಹಿಡಿದಳು. ಬರುವ ಸೋಮವಾರ ಮಧ್ಯಾಹ್ನದ ಬಸ್ಸಿಗೆ ಘಟ್ಟದಾಚೆಗೆ ಹೊರಟುಬಿಡುವುದು ಎಂದಾಯಿತು. ಆ ಊರಲ್ಲಿ ಪುಸ್ತಕಗಳು ಇಟ್ಟ ಕಡೆ ಇಟ್ಟ ಹಾಗೇ ಇರುತ್ತವಂತೆ, ಪಾಪ.

ಸುದ್ದಿ ಹೇಳಿದಾಗ ನಮ್ಮವರು “ಹೂಂ” ಎಂದರು, ಅಷ್ಟೇ. ಅಂದು ಮಧ್ಯಾಹ್ನ ಯಾರದೋ ಮೆಣಸಿನಕಾಯಿಗೆ ಇನ್ಯಾರದೋ ಕಡಲೆ ಬೆರೆಸಿ ಬೀಸಿ ಬೈಸಿಕೊಂಡು ಬಂದರು. ಮಾರನೆಯ ಬೆಳಿಗ್ಗೆ ನಾನು ನೀರಿನ ಚೊಂಬು ಹಿಡಿದು ಬಾಗಿ ನೋಡುತ್ತೇನೆ, ಹೊಸ್ತಿಲ ಮೇಲೆ ಹಸಿರು ರಟ್ಟು. ಮೂಲೆಗಳು ಸವೆದಿದ್ದವು, ಯಾರೋ ಬೆನ್ನಿಗೆ ಬಟ್ಟೆ ಅಂಟಿಸಿದ್ದರು, ಆದರೂ ಬಿಡಿಸಿದರೆ ಸಣ್ಣಗೆ ವೀಳ್ಯದೆಲೆಯ ವಾಸನೆ.

ನಮ್ಮವರು ನೋಡಿದ ಕೂಡಲೇ ಮುಖ ತಿರುಗಿಸಿದರು. “ನೀನು ಬೇಕಾದ್ರೆ ಓದ್ಕೋ. ನಾನು ಅದನ್ನ ಮುಟ್ಟಲ್ಲ.”

ನಾನು ಓದಿದೆ. ಮೊದಲಿಂದ ಶುರುಮಾಡಿ, ಅನ್ನ ತಳ ಹತ್ತಿಸಿ, ಹಾಲು ಉಕ್ಕಿಸಿ, ಭಾನುವಾರ ಮಧ್ಯಾಹ್ನದ ಹೊತ್ತಿಗೆ ಮುಗಿಸಿದೆ. ಈಗ ನಾನು ನಮ್ಮೂರಿನ ಕಟ್ಟಳೆಯನ್ನು ಅರ್ಧ ಮುರಿಯಬೇಕಾಗಿದೆ. ಕೊಂದವರು ಯಾರೆಂದು ಹೇಳುವುದಿಲ್ಲ, ಪುಸ್ತಕ ನಾಳೆ ನಿಮ್ಮ ಮನೆಗೂ ಬಂದೀತು. ಆದರೆ ಕೊಂದವನು ಕಾಂಪೌಂಡರಲ್ಲ. ಇಷ್ಟು ಹೇಳದೆ ಮುಂದಿನದನ್ನು ಹೇಳಲು ಬರುವುದಿಲ್ಲ, ಮನ್ನಿಸಿ. ಆ ಬಡಪಾಯಿ ಬೀರು ತೆಗೆದದ್ದು ತಾಯಿಗೆ ಕೆಮ್ಮಿನ ಔಷಧಿ ಒಯ್ಯಲು.

ಪುಸ್ತಕ ಮಡಿಲಲ್ಲಿಟ್ಟುಕೊಂಡು ನಾನು ಆ ಹಳೆಯ ಸಂಜೆಯನ್ನು ಲೆಕ್ಕ ಹಾಕಿದೆ. ಭಾವ ಹೇಳಿದ್ದು ಕೊನೆಯಲ್ಲ, ಊಹೆ. ಅದೂ ತಪ್ಪಿದ ಊಹೆ. ಅವರು ನಿಜವಾಗಿ ಮುಗಿಸಿರಲಿಲ್ಲ. ಆ ರಾತ್ರಿ ನಿದ್ದೆಗೆಟ್ಟು ಮುಗಿಸಿದ್ದಾರೆ, ಮುಗಿಸಿದ ಮೇಲೆ ಬಾಗಿಲಿಗೆ ಬಂದು ನಿಂತಿದ್ದಾರೆ. ‘ನೋಡು, ಕಾಂಪೌಂಡರಲ್ಲ, ನನ್ನ ಊಹೆ ತಪ್ಪಾಯಿತು’ ಎಂಬ ಒಂದೇ ಮಾತು ಹೇಳಿದ್ದರೆ ಇಟ್ಟಿಗೆ ಬರುತ್ತಿರಲಿಲ್ಲ. ಆದರೆ ಆ ಮಾತು ಹೇಳಿದರೆ ನಿಜವಾಗಿ ಕೊನೆ ಹೇಳಿದ ಹಾಗಾಗುತ್ತಿತ್ತು. ಅದಕ್ಕೇ ಬಾಯಿ ಮುಚ್ಚಿಕೊಂಡು ಹೋಗಿದ್ದರು.

ಹಿತ್ತಲಿಗೆ ಹೋದೆ. ಅಕ್ಕ ಒಗೆಯುವ ಕಲ್ಲಿನ ಹತ್ತಿರ ಪ್ರಯಾಣಕ್ಕೆಂದು ಬಟ್ಟೆ ಹಿಂಡುತ್ತಿದ್ದಳು. ನನ್ನ ಮುಖ ನೋಡಿದವಳೇ ಹಿಂಡುವುದನ್ನು ನಿಲ್ಲಿಸಿದಳು.

“ಬಂತಾ ನಿಮ್ಮನೆಗೆ?”

“ಬಂತು ಕಣಕ್ಕ.”

“ಮುಗಿಸಿದ್ಯಾ?”

“ಮುಗಿಸ್ದೆ.”

ಒದ್ದೆ ಸೀರೆ ಕಲ್ಲಿನ ಮೇಲೆ ಬಿಟ್ಟು ಅಕ್ಕ ನನ್ನ ಕೈ ಹಿಡಿದುಕೊಂಡಳು. ಇಬ್ಬರೂ ಅತ್ತೆವು. ಅಳುತ್ತ ಅಳುತ್ತ ಯಾಕೋ ನಗುವೂ ಬಂತು.

“ಇಷ್ಟು ವರ್ಷ ಹೆಂಗಕ್ಕ ತಡ್ಕೊಂಡೆ? ನಂಗಾದ್ರೂ ಒಂದು ಮಾತು ಹೇಳಬಾರದಿತ್ತಾ?”

“ನೀನೂ ಮುಗ್ಸಿರ್ಲಿಲ್ವಲ್ಲೇ. ನಿಮ್ಮ ಭಾವ ಆಣೆ ಹಾಕಿಸ್ಕೊಂಡಿದ್ರು. ಅವನ ಪುಸ್ತಕ ಅವನು ಓದ್ಲಿ, ನಾವು ಕೆಡಿಸೋದು ಬೇಡ, ಒಂದಲ್ಲ ಒಂದು ದಿನ ಅವನ ಬಾಗಿಲಿಗೆ ಬರುತ್ತೆ ಅಂತಿದ್ರು. ದಿನಾ ಬೆಳಿಗ್ಗೆ ಎದ್ದು ನಿಮ್ಮ ಹೊಸ್ತಿಲು ನೋಡೋರು, ಗೊತ್ತಾ? ಈಗ ಕೆಮ್ಮಿಂದ ಏಳಕ್ಕಾಗಲ್ಲ, ನೋಡಿರಲ್ಲ.”

“ನಾಳೆ ಹೊರಡ್ತೀರಲ್ಲ!”

“ಅದಕ್ಕೇನು ಮಾಡಾಣ? ಅವನ ಕೈಲಿ ಓದ್ಸು ಹೋಗು.”

ಹೇಳಿದಷ್ಟು ಸುಲಭವೇ ಅದು? ಹನ್ನೊಂದು ವರ್ಷ ಭಾವ ಪಟ್ಟ ಪಾಡು ನನಗೆ ಒಂದೇ ಸಂಜೆಯಲ್ಲಿ ಅರ್ಥವಾಯಿತು. ನಾಲಿಗೆಯ ತುದಿಗೆ ಬಂದ ಮಾತನ್ನು ಕಚ್ಚಿ ಕಚ್ಚಿ ಹಿಡಿದುಕೊಂಡೆ. ಓದಿ ಎಂದೆ, ಇಲ್ಲ ಎಂದರು. ನಾನೇ ಓದಿ ಹೇಳುತ್ತೇನೆ ಎಂದೆ, ಕಿವಿ ಮುಚ್ಚಿಕೊಂಡರು. ಕೊನೆಯ ಭಾಗ ಚೆನ್ನಾಗಿದೆ ಎಂದೆ, ಅಷ್ಟು ಹೇಳಿದ್ದೂ ತಪ್ಪೇ, “ನೀನೂ ಅಣ್ಣನ ಹಾಗೆ ಶುರುಮಾಡಿದ್ಯಾ?” ಎಂದು ಕಣ್ಣು ಕೆಂಪಗೆ ಮಾಡಿದರು. ಸೋಮವಾರ ಬೆಳಿಗ್ಗೆ ಗೋಡೆಯಾಚೆ ಟ್ರಂಕು ಎಳೆಯುವ ಸದ್ದು ಕೇಳಿಸುತ್ತಿತ್ತು. ನಮ್ಮವರು ಆ ಸದ್ದಿಗೆ ಬೆನ್ನು ಹಾಕಿ ರೊಟ್ಟಿ ಮುರಿಯುತ್ತಿದ್ದರು, ಬಾಯಿಗೆ ಇಡುತ್ತಿರಲಿಲ್ಲ. ನನಗೆ ತಡೆಯಲಾಗಲಿಲ್ಲ.

“ರೀ, ಒಂದು ಕೇಳ್ತೀನಿ. ಆ ಕೋಟೆ ಪುಸ್ತಕ ಓದಿದ್ಮೇಲೆ ಊರಲ್ಲಿ ಯಾರು ಏನು ಹೇಳಿದ್ರೂ ಕಂಡವರು ಯಾರು ಅಂತ ಕೇಳ್ತಿದ್ರಲ್ಲ. ನಿಮ್ಮಣ್ಣ ಅವತ್ತು ಪುಸ್ತಕ ಮುಗಿಸಿದ್ದನ್ನ ಕಂಡವರು ಯಾರು?”

“ಎಲೆ ಇರ್ಲಿಲ್ಲ ಅದ್ರಲ್ಲಿ.”

“ಎಲೆ ಇಲ್ದೇ ಇರೋದನ್ನ ಕಂಡ್ರಿ. ಮುಗಿಸಿದ್ದನ್ನ ಕಂಡವರು ಯಾರು?”

ಅವರು ರೊಟ್ಟಿಯನ್ನು ಕೈಯಲ್ಲಿ ಹಿಡಿದುಕೊಂಡೇ ನನ್ನನ್ನು ನೋಡಿದರು. ಕೋಳಿ ಕಳೆದುಕೊಂಡವಳನ್ನು ನೋಡುತ್ತಿದ್ದ ಹಾಗಲ್ಲ, ತಾವೇ ಏನೋ ಕಳೆದುಕೊಂಡವರ ಹಾಗೆ. ಆಮೇಲೆ ಕೈ ತೊಳೆದು, ಹಸಿರು ಪುಸ್ತಕವನ್ನು ಕಂಕುಳಲ್ಲಿಟ್ಟುಕೊಂಡು ಗಿರಣಿಗೆ ಹೋದರು.

ಮುಂದಿನದನ್ನು ಗಿರಣಿಯಲ್ಲಿದ್ದವರು ಹೇಳಿದ್ದು. ಮೆಣಸಿನಕಾಯಿ ತಂದವರೆಲ್ಲ ಸಾಲಾಗಿ ಕೂತಿದ್ದಾರೆ, ಯಂತ್ರ ನಿಂತಿದೆ, ರೇವಣ್ಣನವರು ಗೋಧಿ ಮೂಟೆಯ ಮೇಲೆ ಕೂತು ಓದುತ್ತಿದ್ದಾರೆ. ಬೇರೆ ಊರಾಗಿದ್ದರೆ ಜನ ಗಲಾಟೆ ಮಾಡುತ್ತಿದ್ದರೇನೋ. ನಮ್ಮೂರಲ್ಲಿ ಕೊನೆಯ ಅಧ್ಯಾಯದಲ್ಲಿರುವವರನ್ನು ಯಾರೂ ಮಾತಾಡಿಸುವುದಿಲ್ಲ. ಕಡೆಯ ಪುಟಕ್ಕೆ ಬಂದಾಗ ಅವರು ಒಂದು ಸಲ “ಅಯ್ಯೋ” ಎಂದರಂತೆ. ಪುಸ್ತಕ ಮುಚ್ಚಿ, ಹೆಗಲ ಮೇಲಿನ ಹಿಟ್ಟನ್ನೂ ಕೊಡವದೆ, ಗಿರಣಿಯ ಬಾಗಿಲು ಹಾಗೇ ಬಿಟ್ಟು ಬಸ್ ಸ್ಟ್ಯಾಂಡಿನ ಕಡೆ ಓಡಿದರು.

ನಾನು ಅಲ್ಲೇ ಇದ್ದೆ, ಅಕ್ಕನ ಬುತ್ತಿ ಹಿಡಿದುಕೊಂಡು. ಬಸ್ಸು ಬಂದು ನಿಂತಿತ್ತು, ಟ್ರಂಕು ಮೇಲೇರಿತ್ತು. ಭಾವ ಮಗಳ ಹೆಗಲು ಹಿಡಿದು ಮೆಟ್ಟಿಲಿಗೆ ಕಾಲಿಡುತ್ತಿದ್ದರು. ನಮ್ಮವರು ಬಂದು ಎದುರಿಗೆ ನಿಂತರು. ಓಡಿ ಬಂದ ಏದುಸಿರು, ಮೈಯೆಲ್ಲ ಬಿಳಿ. ಊರಿನ ಅರ್ಧ ಜನ ಅಲ್ಲಿದ್ದರು, ವಕೀಲ ಹಾಲಪ್ಪನವರೂ ಇದ್ದರು.

“ಅಣ್ಣ, ಮುಗಿಸ್ದೆ.”

ಭಾವ ಕಾಲು ಕೆಳಗಿಟ್ಟರು. ತಮ್ಮನನ್ನು ಮೇಲಿಂದ ಕೆಳಗಿನವರೆಗೆ ನೋಡಿದರು.

“ಹೆಂಗಿತ್ತು?”

“ಅಣ್ಣ, ಆ ಕಾಂಪೌಂಡ...”

ಭಾವ ಫಕ್ಕನೆ ಕೈಯಿಂದ ತಮ್ಮನ ಬಾಯಿ ಮುಚ್ಚಿದರು. “ಏಯ್, ಜನ ಅವ್ರೆ ಕಣೋ! ಹಾಲಪ್ಪನೋರು ಇನ್ನೂ ಓದಿಲ್ಲ.”

ಹಾಲಪ್ಪನವರು ಆಗಲೇ ಎರಡೂ ಕಿವಿ ಮುಚ್ಚಿಕೊಂಡು ಗೋಡೆ ಕಡೆ ತಿರುಗಿದ್ದರು. ಬಾಯಿ ಮುಚ್ಚಿಸಿಕೊಂಡೇ ನಮ್ಮವರು ಅಳಲು ಶುರುಮಾಡಿದರು. ಐವತ್ತು ದಾಟಿದ ಗಂಡಸು, ಬಸ್ ಸ್ಟ್ಯಾಂಡಿನ ನಟ್ಟನಡುವೆ. ಹಿಟ್ಟು ಕಣ್ಣೀರು ಸೇರಿ ಮುಖವೆಲ್ಲ ಗಂಜಿ. ನನಗೆ ನಾಚಿಕೆಯಾಗಲಿಲ್ಲ, ಇಷ್ಟು ವರ್ಷದಲ್ಲಿ ಅವರನ್ನು ನೋಡಿ ಮನಸ್ಸು ಅಷ್ಟು ಹಗುರ ಯಾವತ್ತೂ ಆಗಿರಲಿಲ್ಲ.

“ಎಲೆ ಎಲ್ಲೋಯ್ತು ಅಂತ ಅವತ್ತು ಮಲ್ಕೊಂಡಾಗ ಹೊಳೀತು,” ಎಂದರು ಭಾವ ತಗ್ಗಿದ ದನಿಯಲ್ಲಿ. “ಮಾತಾಡ್ತಾ ಮಾತಾಡ್ತಾ ಅದನ್ನೇ ಎತ್ಕೊಂಡು, ಸುಣ್ಣ ಹಚ್ಚಿ, ಜಗ್ದು ಉಗ್ದಿದ್ದೆ ಕಣೋ. ಬೆಳಿಗ್ಗೆ ಹೇಳಾಣ ಅಂತಾನೇ ಬಂದೆ. ಹೇಳಿದ್ರೆ ನಂಬ್ತಿದ್ಯಾ?”

“ನಂಬ್ತಿರ್ಲಿಲ್ಲ.”

“ಅದಕ್ಕೇ ಹೇಳ್ಲಿಲ್ಲ.”

ಕಂಡಕ್ಟರು ಸೀಟಿ ಊದಿದ. ಧೂಳು ಕುಡಿಯಬಾರದು ಎಂದ ಡಾಕ್ಟರ ಮಾತನ್ನು ಯಾವ ಪುಸ್ತಕವೂ ಬದಲಿಸುವುದಿಲ್ಲವಲ್ಲ, ಅವರು ಹೋಗಲೇಬೇಕಾಗಿತ್ತು, ಹೋದರು. ನಮ್ಮವರು ಬಸ್ಸಿನ ಕಿಟಕಿ ಹಿಡಿದುಕೊಂಡು ಸೇತುವೆಯವರೆಗೂ ನಡೆದರಂತೆ, ಡ್ರೈವರು ಪಾಪ ಅಷ್ಟು ದೂರ ನಿಧಾನಕ್ಕೇ ಬಿಟ್ಟನಂತೆ.

ಮಾರನೆಯ ದಿನ ಹಸಿರು ಪುಸ್ತಕ ಇರಲಿಲ್ಲ. ಹಾಲಪ್ಪನವರ ಮನೆಗೆ ಹೋಗಿತ್ತು. ನಮ್ಮ ಹೊಸ್ತಿಲಿಗೆ ಬಂದದ್ದು ಕೆಂಪು ರಟ್ಟಿನ ಒಂದು ದಪ್ಪ ಪತ್ತೇದಾರಿ, ಎಷ್ಟೋ ವರ್ಷದ ಮೇಲೆ. ನಮ್ಮವರು ಪ್ರೀತಿಯಿಂದ ಓದಿದರು, ನಾನೂ ಓದಿದೆ. ನನ್ನ ಪಿನ್ನು ತೆಗೆದೆ, ಅವರು ತೊಗಲಿನ ತುಂಡು ತೆಗೆದರು. ಬೆಳಿಗ್ಗೆ ಎದ್ದರೆ ಪುಸ್ತಕ ಗೂಡಿನಲ್ಲಿಯೇ ಇದೆ. ಮಾರನೆಯ ದಿನವೂ ಇದೆ. ಯಾವುದೋ ಪುಟ ಹಾರಿಸಿದ್ದೇವೆ ಎಂದುಕೊಂಡು ಮತ್ತೆ ಮೊದಲಿಂದ ಓದಿದರು. ಆದರೂ ಇದೆ. ಮುಂದಿನ ಬೀದಿಯವರು ಪುಸ್ತಕ ಕೊಳೆಹಾಕಿದ್ದೀರಿ ಎಂದು ಆಕ್ಷೇಪಿಸಲು ಬಂದರು. ಈ ಊರಲ್ಲಿ ಹೀಗೆ ಯಾವತ್ತೂ ಆಗಿದ್ದಿಲ್ಲ.

ಒಂದು ಸಂಜೆ ನಾನು ದೀಪ ಹಚ್ಚಲು ಬತ್ತಿ ಹೊಸೆಯುತ್ತಿದ್ದೆ. ಅಕ್ಕನ ಗುರುತಾದ ಬತ್ತಿ ಕೈಯಲ್ಲಿರುವಾಗಲೇ ಹೊಳೆಯಿತು.

“ರೀ, ನಾವು ಮುಗಿಸಿದ್ದೀವಿ. ಆದ್ರೆ ಮನೇಲಿ ಇನ್ನೂ ಓದ್ದೇ ಇರೋರು ಇದ್ದಾರೆ ಅನ್ಸುತ್ತೆ.”

“ಇನ್ಯಾರೇ? ಇರೋದು ನಾವಿಬ್ರು.”

ನಾನು ಗೋಡೆಯ ಕಡೆ ನೋಡಿದೆ. ಅವರೂ ನೋಡಿದರು. ಕ್ಯಾಲೆಂಡರು ತೂಗುತ್ತಿತ್ತು. ಗೋಡೆ ಇದ್ದ ಹಾಗೇ ಇತ್ತು, ಪುಸ್ತಕ ಮಾತ್ರ ಅದನ್ನು ಲೆಕ್ಕಕ್ಕೆ ಇಟ್ಟುಕೊಳ್ಳುವುದನ್ನು ಬಿಟ್ಟಿತ್ತು. ನಮ್ಮವರು ಆ ಕೆಂಪು ರಟ್ಟನ್ನು ಸವರಿದರು. ಆಮೇಲೆ ನಮ್ಮ ಮದುವೆಯ ಶಲ್ಯ ತೆಗೆಸಿ ಅದರಲ್ಲಿ ಪುಸ್ತಕ ಸುತ್ತಿದರು, ಸಂತೆಬೀದಿಗೆ ಹೋಗಿ ಒಂದು ಕಟ್ಟು ಎಳೆಯ ವೀಳ್ಯದೆಲೆ ತಂದರು, ಬೆಳಗಿನ ಮೊದಲ ಬಸ್ಸಿಗೆ ಘಟ್ಟ ಹತ್ತಿದರು. ಪುಸ್ತಕ ಊರು ದಾಟುತ್ತದೋ ಇಲ್ಲವೋ ಎಂದು ಬೀದಿಯವರಿಗೆಲ್ಲ ಅನುಮಾನ. ದಾಟಿತು.

ಕೆಲವು ದಿನ ಬಿಟ್ಟು ಬರಿಗೈಯಲ್ಲಿ ಬಂದರು. ಮುಖ ತುಂಬಿಕೊಂಡಿತ್ತು, ತುಟಿ ಕೆಂಪಗಿತ್ತು. ಕಾಲು ತೊಳೆಯಲು ನೀರು ಕೊಡುತ್ತ ಭಾವ ಹೇಗಿದ್ದಾರೆ ಎಂದು ಕೇಳಿದೆ.

“ಕೆಮ್ಮು ಕಡಿಮೆ ಆಗೈತೆ. ಪುಸ್ತಕ ಬಿಡಿಸಿದ್ದೇ ತಡ, ಮೊದಲನೇ ಪುಟಕ್ಕೇ ಹಚ್ಕೊಂಡ, ಇವನೇ ಕೊಂದಿರೋದು, ಅಲ್ಲ ಅವಳೇ ಕೊಂದಿರೋದು ಅಂತ.”

“ನೀವೇನಂದ್ರಿ?”

“ನಾನೇನನ್ಲಿ, ಮುಗ್ಸಿದೋನು? ಬಾಯಿ ಮುಚ್ಕೊಂಡು ಕೂತು ಎಲ್ಲಾ ಕೇಳ್ದೆ.” ಚೊಂಬು ಕೆಳಗಿಟ್ಟು ಮುಖ ಒರೆಸಿಕೊಂಡರು. “ಗುರುತಿಗೆ ಮಾತ್ರ ನನ್ನ ಬೆಲ್ಟಿನ ತುಂಡೇ ಕೊಟ್ಟು ಬಂದೆ ಕಣೇ. ಅದನ್ನ ಜಗಿಯಕ್ಕಾಗಲ್ಲ.”